ಒಂದೇ ಸಲ ಹೇಳುತ್ತಿದ್ದವರು

"ಗುಡ್ ಮಾರ್ನಿಂಗ್, ಚಿಲ್ಡ್ರನ್" ಎಂದು ನಾನು ಮೈಕಿಗೆ ಹೇಳುತ್ತಿದ್ದೆ. ಅರ್ಧ ಸೆಕೆಂಡು ಕಳೆದ ಮೇಲೆ ಅದೇ ಗುಡ್ ಮಾರ್ನಿಂಗ್ ನನ್ನ ಹೆಡ್‌ಫೋನಿಗೆ ವಾಪಸು ಬರುತ್ತಿತ್ತು, ನೆಗಡಿಯಾದ ಇನ್ಯಾರೋ ಹೆಂಗಸು ನನ್ನನ್ನು ಅಣಕಿಸಿದ ಹಾಗೆ. ಅದರ ಹಿಂದೆ ಫ್ಯಾನಿನ ಕಟಕಟ, ಬೆಂಚು ಎಳೆದ ಸದ್ದು, ಯಾರದೋ ಕೆಮ್ಮು, ಆಮೇಲೆ ಮಕ್ಕಳೆಲ್ಲ ಸೇರಿ ರಾಗವಾಗಿ ಎಳೆಯುವ "ಗುಡ್ ಮಾರ್ನಿಂಗ್ ಮಿಸ್". ಅಷ್ಟರಲ್ಲಿ ನಾನು ಮುಂದಿನ ವಾಕ್ಯಕ್ಕೆ ಹೋಗಿಬಿಟ್ಟಿರುತ್ತಿದ್ದೆ. ಅವರ ಗುಡ್ ಮಾರ್ನಿಂಗ್ ನನ್ನ "ಓಪನ್ ಯುವರ್ ಬುಕ್ಸ್" ಮೇಲೆ ಬಿದ್ದು ಎರಡೂ ಕೆಡುತ್ತಿದ್ದವು. ಗಾಜಿನ ಆಚೆ ಕೂತ ಇಂಜಿನಿಯರು ತಲೆ ಎತ್ತದೆಯೇ ಒಂದು ಅಂಗೈ ಎತ್ತಿ ತೋರಿಸುತ್ತಿದ್ದರು: ಸ್ವಲ್ಪ ತಾಳಿ.

ಮೂವತ್ತು ವರ್ಷ ಹೈಸ್ಕೂಲಿನಲ್ಲಿ ಇಂಗ್ಲಿಷ್ ಕಲಿಸಿ ರಿಟೈರ್ ಆದವಳಿಗೆ ತಾಳಿ ಎಂದು ಕೈ ತೋರಿಸಿದ ಮೊದಲ ಮನುಷ್ಯ ಅವರು. ಫ್ರ್ಯಾಂಕ್ಲಿ, ನನಗೆ ಸಿಟ್ಟೇ ಬಂದಿತ್ತು.

ಹೋದ ವಾರ ಪೇಪರಿನ ಒಳಪುಟದಲ್ಲಿ ನಾಲ್ಕು ಸಾಲಿನ ಸುದ್ದಿ ಓದಿದೆ. ನಮ್ಮ ಪಾಠಗಳನ್ನು ಹೊತ್ತು ತರುತ್ತಿದ್ದ ಆ ಉಪಗ್ರಹದ ಕೆಲಸ ಮುಗಿಯಿತಂತೆ. ಉಳಿದಿದ್ದ ಚೂರು ಇಂಧನದಲ್ಲಿ ಅದನ್ನು ಇನ್ನಷ್ಟು ಮೇಲಕ್ಕೆ, ಬೇರೆ ಉಪಗ್ರಹಗಳ ದಾರಿಗೆ ಅಡ್ಡ ಬರದ ಜಾಗಕ್ಕೆ ತಳ್ಳಿದರಂತೆ. ಈ ಸುದ್ದಿಯನ್ನು ಫೋನು ಮಾಡಿ ಹೇಳಬೇಕು ಅನ್ನಿಸಿದ್ದು ಆ ಇಂಜಿನಿಯರೊಬ್ಬರಿಗೇ. ಅವರ ನಂಬರು ನನ್ನಲ್ಲಿ ಇಲ್ಲ. ಇದ್ದರೂ ಮಾಡುತ್ತಿದ್ದೆನೋ ಇಲ್ಲವೋ. ಹೆಸರನ್ನು ಇಲ್ಲಿ ಬರೆಯುವುದಿಲ್ಲ. ನಾನು ಮಾಡಿದ್ದು ಅವರಿಗೆ ಗೊತ್ತು, ಮಿಕ್ಕವರಿಗೆ ಅವರ ಹೆಸರು ಬೇಕಿಲ್ಲ.

ಮೈಸೂರಿನ ರಾಮಕೃಷ್ಣನಗರದಲ್ಲಿ ಒಂದು ಶಿಕ್ಷಣ ಟ್ರಸ್ಟು ಮೂರಂತಸ್ತಿನ ಕಟ್ಟಡದಲ್ಲಿ ಸ್ಟುಡಿಯೋ ಮಾಡಿತ್ತು. ತಾರಸಿಯ ಮೇಲೆ ಒಂದು ಕಾರು ನಿಲ್ಲಿಸುವಷ್ಟು ಅಗಲದ ಡಿಶ್ಶು. ಕೋಟೆ, ನಂಜನಗೂಡು ತಾಲ್ಲೂಕುಗಳ ಹಳ್ಳಿಯ ಹೈಸ್ಕೂಲುಗಳಲ್ಲಿ ಒಂದೊಂದು ಟಿವಿ, ಒಂದೊಂದು ಚಿಕ್ಕ ಡಿಶ್ಶು, ಮಾತಾಡಲು ಒಂದು ಮೈಕು. ಇಂಗ್ಲಿಷ್ ಟೀಚರ್ ಇಲ್ಲದ ಶಾಲೆಗಳ ಎಸ್ಸೆಸ್ಸೆಲ್ಸಿ ಮಕ್ಕಳಿಗೆ ನಾನು ವಾರಕ್ಕೆ ಮೂರು ದಿನ ಇಲ್ಲಿಂದ ಪಾಠ ಮಾಡುತ್ತಿದ್ದೆ. ಸರಸ್ವತಿಪುರಂನ ಮನೆಯಿಂದ ಆಟೋದಲ್ಲಿ ಹೋಗಿ, ಸೀರೆಗೆ ಮೈಕು ಸಿಕ್ಕಿಸಿಕೊಂಡು ಕೂತರೆ ನನ್ನ ಮುಖ ಆಕಾಶಕ್ಕೆ ಹೋಗಿ ಕಾಡಂಚಿನ ಶಾಲೆಗೆ ಇಳಿಯುತ್ತಿತ್ತು. ಐ ವಾಸ್ ವೆರಿ ಪ್ರೌಡ್ ಆಫ್ ಇಟ್. ಆ ಮುಖವನ್ನು ಮೇಲೆ ಕಳಿಸುವವರು ಈ ಇಂಜಿನಿಯರು.

ನಲವತ್ತೈದರ ಆಸುಪಾಸಿನ ಸಣಕಲು ಮನುಷ್ಯ. ಅರ್ಧ ತೋಳಿನ ಇಸ್ತ್ರಿ ಅಂಗಿ. ಕೊಳ್ಳೇಗಾಲದ ಕಡೆಯ ಹಳ್ಳಿಯಿಂದ ಅವರ ತಂದೆ ಮಿಲ್ ಕೆಲಸಕ್ಕೆ ಮೈಸೂರಿಗೆ ಬಂದವರು. ಇವರ ಮನೆ ಸಿದ್ಧಾರ್ಥನಗರದಲ್ಲಿ. ಟೇಬಲ್ಲಿನ ಮೇಲೆ ಒಂದು ಸಣ್ಣ ಬುದ್ಧನ ಮೂರ್ತಿ, ಪಕ್ಕದಲ್ಲಿ ಗಾರೆ ಕೆಲಸದವರು ಇಟ್ಟುಕೊಳ್ಳುವಂಥ ರಸಮಟ್ಟ. ಎರಡನ್ನೂ ಬೆಳಿಗ್ಗೆ ಒಂದೇ ಬಟ್ಟೆಯಲ್ಲಿ ಒರೆಸುತ್ತಿದ್ದರು. ಕೆಲಸ ವರ್ಷ ವರ್ಷದ ಕಾಂಟ್ರ್ಯಾಕ್ಟು. ಬರುವ ಜೂನಿಗೆ ಕಾಯಂ ಮಾಡುತ್ತೇವೆಂದು ಟ್ರಸ್ಟಿನ ಕಾರ್ಯದರ್ಶಿಗಳು ಮಾತು ಕೊಟ್ಟಿದ್ದಾರೆ ಎಂದು ಒಂದು ದಿನ ಹೇಳಿದರು. ಒಂಬತ್ತು ವರ್ಷ ಕಾದ ಮಾತನ್ನು ಬಸ್ಸಿನ ಟೈಮು ಹೇಳಿದ ಹಾಗೆ ಹೇಳಿ ಕೆಲಸಕ್ಕೆ ತಿರುಗಿಕೊಂಡರು.

ಮೊದಲ ದಿನ ನಾನು ಪೆದ್ದಿಯ ಹಾಗೆ, ಸ್ಯಾಟಲೈಟ್ ನಮ್ಮ ತಲೆಯ ಮೇಲೆ ಎಷ್ಟು ಹೊತ್ತಿಗೆ ಬರುತ್ತೆ ಎಂದು ಕೇಳಿದ್ದೆ.

"ಬರಲ್ಲ, ಹೋಗಲ್ಲ ಮೇಡಂ. ಅಲ್ಲೇ ಇರುತ್ತೆ" ಎಂದರು. ತಾವು ಹೇಳಿದ್ದು ಪೂರ್ತಿ ನಿಜವಲ್ಲ ಎಂದು ಮನಸ್ಸಿಗೆ ಚುಚ್ಚಿತೋ ಏನೋ, ತಾವಾಗಿ ಸೇರಿಸಿದರು. ಸಮಭಾಜಕದ ಮೇಲೆ ಮೂವತ್ತಾರು ಸಾವಿರ ಕಿಲೋಮೀಟರ್ ಎತ್ತರದಲ್ಲಿ ಅದು ಸೆಕೆಂಡಿಗೆ ಮೂರು ಕಿಲೋಮೀಟರ್ ಓಡುತ್ತಿದೆ. ಭೂಮಿ ಒಂದು ಸುತ್ತು ತಿರುಗುವಷ್ಟರಲ್ಲಿ ಅದೂ ಒಂದು ಸುತ್ತು ಮುಗಿಸುತ್ತದೆ. ಅದಕ್ಕೇ ನಮಗೆ ನಿಂತಂತೆ ಕಾಣುವುದು. ಅದಕ್ಕೇ ನಮ್ಮ ಡಿಶ್ಶನ್ನು ಒಂದು ಸಲ ತಿರುಗಿಸಿ ನಟ್ಟು ಬಿಗಿದರೆ ಸಾಕು. ನನ್ನ ಪ್ರಶ್ನೆಗೆ ಉತ್ತರ ಅರ್ಧ ಸೆಕೆಂಡು ತಡವಾಗುವುದು ಅಷ್ಟು ದೂರಕ್ಕೆ. ಹೋಗಿ ಇಳಿಯಲು ಕಾಲು ಸೆಕೆಂಡು, ಉತ್ತರ ಬರಲು ಇನ್ನೊಂದು ಕಾಲು. "ಬೆಳಕಿಗಿಂತ ಬೇಗ ಏನೂ ಹೋಗಲ್ಲ ಮೇಡಂ. ನೀವೇ ತಾಳಬೇಕು."

ಇನ್ನೊಂದು ದಿನ ಟ್ರಾನ್ಸ್‌ಪಾಂಡರ್ ಎಂದರೆ ಏನೆಂದು ಕೇಳಿದೆ. ಕೆಳಗಿನಿಂದ ಹೋದದ್ದನ್ನು ಹಿಡಿದು, ಬೇರೆ ಫ್ರೀಕ್ವೆನ್ಸಿಗೆ ಬದಲಾಯಿಸಿ, ಬಲ ತುಂಬಿ ಕೆಳಗೆ ಬಿಡುವ ಯಂತ್ರವಂತೆ. ಬದಲಾಯಿಸದಿದ್ದರೆ ತಾನಾಡುವ ಗಲಾಟೆಯಲ್ಲಿ ತನಗೆ ಬರುವ ಸಣ್ಣ ದನಿ ಅದಕ್ಕೇ ಕೇಳುವುದಿಲ್ಲ. ಆ ಬಲವಾದರೂ ಎಷ್ಟು ಅಂತೀರಿ? ನಿಮ್ಮ ಅಡುಗೆಮನೆಯ ಮಿಕ್ಸಿಯಷ್ಟೂ ಇಲ್ಲ ಎಂದರು. ಅಷ್ಟು ದೂರ ಇಳಿದು ಬರುವಷ್ಟರಲ್ಲಿ ಅದರಲ್ಲಿ ಉಳಿಯುವುದು ಏನು? ಆ ಉಳಿದ ಚೂರನ್ನು ಹಿಡಿಯುವುದಕ್ಕೇ ಬಟ್ಟಲಿನಂಥ ಡಿಶ್ಶು.

ಹೀಗೆ ಕೇಳಿದರೆ ಚಂದವಾಗಿ ಹೇಳುವವರು. ಕೇಳದಿದ್ದರೆ ಮಾತ್ರ ಒಂದೇ ಸಲ. ನನಗೆ ತಲೆ ಕೆಡುತ್ತಿದ್ದುದು ಅಲ್ಲಿ.

ಒಂದು ಜುಲೈ ಬೆಳಿಗ್ಗೆ ನಾನು ಬ್ಯಾಗು ಇಡುತ್ತಿರುವಾಗ, ಮಳೆ ಜೋರಾದರೆ ಪಿಕ್ಚರ್ ನಿಲ್ಲುವುದು ಕಷ್ಟ, ನಮ್ಮದು ಕೆಯು ಬ್ಯಾಂಡು, ಆ ಅಲೆಯನ್ನು ಮಳೆ ನುಂಗುತ್ತೆ ಎಂದೇನೋ ಅಂದಿದ್ದರು. ನನ್ನ ಗಮನ ಛತ್ರಿಯ ಮೇಲಿತ್ತು. ಪಾಠದ ನಡುವೆ ಮಳೆ ಸುರಿಯಿತು, ಪರದೆಯ ಮೇಲೆ ನನ್ನ ಮುಖ ಚೌಕ ಚೌಕವಾಗಿ ಒಡೆದುಹೋಯಿತು. ನಾನು ಹೊರಗೆ ಬಂದು ಕೂಗಾಡಿದೆ. ಬೆಳಿಗ್ಗೆ ಹೇಳಿದ್ದೆ ಮೇಡಂ ಎಂದರು.

"ಒಂದು ಸಲ ಹೇಳಿದ್ರೆ ಆಗುತ್ತೇನ್ರೀ? ನಾನು ಒಂದು ಪಾಸ್ಟ್ ಟೆನ್ಸನ್ನ ಮಕ್ಕಳಿಗೆ ಐವತ್ತು ಸಲ ಹೇಳ್ತೀನಿ."

ನಕ್ಕರು, ಅಷ್ಟೇ. ಅದೇ ಮನುಷ್ಯ ಗಾಳಿಗೆ ಡಿಶ್ಶು ಜರುಗಿದ ಶಾಲೆಯ ಪಿ.ಟಿ. ಮಾಸ್ತರಿಗೆ ಫೋನಿನಲ್ಲಿ ಅರ್ಧ ಗಂಟೆ ಹೇಳಿಕೊಡುತ್ತಿದ್ದರು. ಸ್ವಲ್ಪ ಬಲಕ್ಕೆ ಸಾರ್, ಇನ್ನೊಂದು ಕೂದಲೆಳೆ, ಜಾಸ್ತಿಯಾಯ್ತು, ಹಿಂದಕ್ಕೆ. ಒಂದು ಡಿಗ್ರಿ ತಪ್ಪಿದರೆ ಮೇಲೆ ಆರುನೂರು ಕಿಲೋಮೀಟರ್ ಆಚೆ ನೋಡ್ತಿರ್ತೀರಿ ಸಾರ್. ಮತ್ತೆ ಅದನ್ನೇ, ಮತ್ತೆ ಅದನ್ನೇ. ಬೇಸರವೆಂಬುದೇ ಇಲ್ಲ. ಹಳ್ಳಿಯ ಮಾಸ್ತರಿಗೆ ಹತ್ತು ಸಲ, ಆಫೀಸಿನಲ್ಲಿ ಒಂದೇ ಸಲ. ಈ ವ್ಯತ್ಯಾಸವನ್ನು ದಿನವೂ ನೋಡುತ್ತಿದ್ದೆ, ಯಾಕೆಂದು ಒಂದು ದಿನವೂ ಯೋಚಿಸಲಿಲ್ಲ. ಹಾಗೆ ಅವರ ಕೈಲಿ ಕಲಿತ ಮಾಸ್ತರುಗಳಿಗೆಲ್ಲ ಸಿಗ್ನಲ್ ಹೋಗಿ ಟಿವಿ ನೀಲಿಯಾದರೆ ಮೊದಲು ತಾರಸಿ ಹತ್ತುವುದು ಅಭ್ಯಾಸವಾಗಿತ್ತು.

ಈಗ ಆ ಶುಕ್ರವಾರಕ್ಕೆ ಬರಬೇಕು. ಬರದೆ ವಿಧಿಯಿಲ್ಲ.

ಮಾರ್ಚ್ ನಡುವಿನ ಶುಕ್ರವಾರ. ಪರೀಕ್ಷೆಗೆ ಮುಂಚಿನ ಇಂಗ್ಲಿಷಿನ ಕೊನೆಯ ಕ್ಲಾಸು, ಮಕ್ಕಳು ತಮ್ಮ ಡೌಟುಗಳನ್ನೆಲ್ಲ ಕೇಳುವ ಕ್ಲಾಸು. ಟ್ರಸ್ಟಿನ ಅಧ್ಯಕ್ಷರು ಒಂದು ಹಳ್ಳಿಯ ಶಾಲೆಯಲ್ಲಿ ಮಕ್ಕಳ ಜೊತೆ ಕೂತು ನೋಡುವುದೆಂದೂ, ಅಲ್ಲಿಗೆ ಪೇಪರಿನವರು ಬರುವುದೆಂದೂ ಗೊತ್ತಾಗಿತ್ತು. ಹನ್ನೊಂದಕ್ಕೆ ಶುರು. ಗೋಡೆಯ ಕ್ಯಾಲೆಂಡರ್ ನೋಡಿದವಳು ನಾನು. ಶುಕ್ರವಾರ ಹತ್ತೂವರೆಯಿಂದ ಹನ್ನೆರಡು ರಾಹುಕಾಲ. ಕಾನ್ವೆಂಟಿನಲ್ಲಿ ಸಿಸ್ಟರ್‌ಗಳ ಕೈಲಿ ಓದಿದವಳು, ಪರ್ಸಿನಲ್ಲಿ ಮೇರಿಯಮ್ಮನ ಮೆಡಲ್ ಇಟ್ಟುಕೊಂಡವಳು. ನನಗೆ ಇದರಲ್ಲೆಲ್ಲ ನಂಬಿಕೆ ಇಲ್ಲ ಎಂದು ಹೇಳಿಕೊಂಡೇ ಐವತ್ತು ವರ್ಷ ರಾಹುಕಾಲ ತಪ್ಪಿಸಿಕೊಂಡು ಬಂದಿದ್ದೇನೆ. ಮಕ್ಕಳ ಪರೀಕ್ಷೆ, ಯಾಕೆ ಸುಮ್ಮನೆ ಎಂದು ಕಾರ್ಯದರ್ಶಿಗಳ ಕಿವಿಗೆ ಹಾಕಿದೆ. ಅವರಿಗೆ ಖುಷಿಯೋ ಖುಷಿ. ಹನ್ನೆರಡೂ ಕಾಲಿಗೆ ಇಟ್ಟುಕೊಳ್ಳೋಣ, ಅಭಿಜಿನ್ ಮುಹೂರ್ತ, ಸೂರ್ಯ ನೆತ್ತಿಯ ಮೇಲಿರುವ ಹೊತ್ತು, ಅದಕ್ಕೆ ಯಾವ ದೋಷವೂ ಇಲ್ಲ ಎಂದರು.

ಗುರುವಾರ ಸಂಜೆ ಇಂಜಿನಿಯರು ನಾನು ಆಟೋಗೆ ಕಾಯುತ್ತಿದ್ದಲ್ಲಿಗೆ ಬಂದರು.

"ಮೇಡಂ, ನಾಳೆ ಹನ್ನೆರಡೂ ಮುಕ್ಕಾಲಿನ ಹೊತ್ತಿಗೆ ಸೂರ್ಯ ಉಪಗ್ರಹದ ಹಿಂದಕ್ಕೆ ಬರ್ತಾನೆ. ಹತ್ತು ನಿಮಿಷ ಲಿಂಕ್ ಹೋಗುತ್ತೆ. ಹನ್ನೊಂದಕ್ಕೇ ಇದ್ದಿದ್ರೆ ತೊಂದರೆ ಇರಲಿಲ್ಲ."

ನಾನು ಕೇಳಿದ್ದು ಬೇರೆಯೇ. ಬುದ್ಧನನ್ನು ಇಟ್ಟುಕೊಂಡವರು, ರಾಹುಕಾಲವನ್ನು ಒಪ್ಪದವರು, ನನ್ನನ್ನು ನಯವಾಗಿ ಛೇಡಿಸುತ್ತಿದ್ದಾರೆ ಎಂದುಕೊಂಡೆ.

"ಏನ್ರೀ, ನೀವೂ ಪಂಚಾಂಗ ಬರೆಯೋಕೆ ಶುರು ಮಾಡಿಬಿಟ್ರಾ?" ಎಂದು ನಕ್ಕೆ.

ಅವರೂ ನಕ್ಕರು, ಮರ್ಯಾದೆಗೆ. ಆಫೀಸಿಗೆ ಬರೆದುಕೊಟ್ಟಿದ್ದೀನಿ ಎಂದರು. ಆಟೋ ಬಂತು.

ಬರೆದುಕೊಟ್ಟಿದ್ದು ನಿಜ. ಒಂದು ಪುಟ, ತಾಲ್ಲೂಕುವಾರು ನಿಮಿಷಗಳ ಪಟ್ಟಿ. ವರ್ಷಕ್ಕೆ ಎರಡು ಸಲ, ಮಾರ್ಚಿನಲ್ಲಿ ಕೆಲವು ದಿನ, ಸೆಪ್ಟೆಂಬರಿನ ಕೊನೆಯಿಂದ ಕೆಲವು ದಿನ, ನಡುಹಗಲಿನಲ್ಲಿ ಸೂರ್ಯ ಸರಿಯಾಗಿ ಉಪಗ್ರಹದ ಬೆನ್ನ ಹಿಂದೆ ಬರುತ್ತಾನಂತೆ. ಡಿಶ್ಶು ಅವನ ಕಡೆಗೇ ಮುಖ ಮಾಡಿರುತ್ತದೆ. ಸೂರ್ಯನದು ಬೆಳಕು ಮಾತ್ರವಲ್ಲ, ರೇಡಿಯೋ ಗದ್ದಲವೂ ಹೌದು. ಆ ಗದ್ದಲದಲ್ಲಿ ಮಿಕ್ಸಿಯಷ್ಟೂ ಬಲವಿಲ್ಲದ ದನಿ ಮುಳುಗಿಹೋಗುತ್ತದೆ. ಇಷ್ಟನ್ನು ನಾನು ಕಲಿತದ್ದು ಆಮೇಲೆ. ಅವರ ಪುಟದಲ್ಲಿ ಇದ್ದದ್ದು ಬರೀ ಅಂಕಿಗಳು. ದಯವಿಟ್ಟು ಟೈಮು ಬದಲಾಯಿಸಿ ಎಂದು ದೊಡ್ಡ ಅಕ್ಷರದಲ್ಲಿ ಬರೆಯಬಾರದಿತ್ತೇ? ಈಗಲೂ ನನಗೆ ರೇಗುತ್ತದೆ.

ಶುಕ್ರವಾರ ಮೊದಲ ಅರ್ಧ ಗಂಟೆ ಚೆನ್ನಾಗಿ ಹೋಯಿತು. ಲೆಟರ್ ರೈಟಿಂಗ್ ಹೇಳಿಕೊಟ್ಟೆ. ಪ್ರಶ್ನೆ ಕೇಳಿ ಎಂದೆ, ತಾಳಿದೆ. ಒಂದು ಹುಡುಗಿಯ ದನಿ ಬಂತು.

"ಮಿಸ್, ಫ್ರಮ್ ಅಡ್ರೆಸ್ ಬರೀವಾಗ ಡೋರ್ ನಂಬರ್ ಹಾಕ್ಬೇಕಲ್ವಾ, ನಮ್ಮನೆಗೆ ನಂಬರೇ ಇಲ್ಲ, ಅದಕ್ಕೆ ಮಾರ್ಕ್ಸ್..."

ಅಲ್ಲಿಗೆ ದನಿ ಹರಿದುಹೋಯಿತು. ಪರದೆ ಚೌಕಗಳಾಗಿ ಒಡೆದು ನೀಲಿಯಾಯಿತು. ನಾನು ಗಾಜಿನ ಕಡೆ ನೋಡಿದೆ. ಇಂಜಿನಿಯರು ಯಂತ್ರಗಳನ್ನು ನೋಡುತ್ತಿರಲಿಲ್ಲ, ಕೈಗಡಿಯಾರ ನೋಡುತ್ತಿದ್ದರು. ಹತ್ತೇ ನಿಮಿಷ ಮೇಡಂ, ತಾನಾಗಿ ಬರುತ್ತೆ ಎಂದು ನನ್ನ ಹೆಡ್‌ಫೋನಿಗೆ ಹೇಳಿದರು. ಮರುಕ್ಷಣವೇ ಅವರಿಗೆ ಏನೋ ಹೊಳೆದಿರಬೇಕು. ಎದ್ದು ನಿಂತರು. ಶಾಲೆಗಳಿಗೆ ಹೋಗುವ ಮೈಕನ್ನು ಹಿಡಿದು ಕೂಗಿದರು.

"ಡಿಶ್ ಮುಟ್ಟಬೇಡಿ. ಯಾರೂ ಡಿಶ್ ಮುಟ್ಟಬೇಡಿ ಸಾರ್."

ಕೇಳುವವರು ಯಾರು? ಲಿಂಕೇ ಇಲ್ಲ. ಅದು ಅವರಿಗಿಂತ ಚೆನ್ನಾಗಿ ಯಾರಿಗೆ ಗೊತ್ತು? ಆದರೂ ಮೂರು ಸಲ, ನಾಲ್ಕು ಸಲ ಕೂಗಿದರು. ಅವರು ದನಿ ಎತ್ತಿದ್ದನ್ನು ನಾನು ಕೇಳಿದ್ದು ಅದೊಂದೇ ದಿನ. ಆಮೇಲೆ ಫೋನು ಹಿಡಿದು ಒಬ್ಬೊಬ್ಬ ಪಿ.ಟಿ. ಮಾಸ್ತರಿಗೂ ಮಾಡಿದರು. ರಿಂಗ್ ಆಗುತ್ತಿತ್ತು, ಎತ್ತುವವರಿಲ್ಲ. ಅವರೆಲ್ಲ ಆಗಲೇ ತಾರಸಿಯ ಮೇಲಿದ್ದರು, ಸ್ಪ್ಯಾನರು ಹಿಡಿದು.

ಹೇಳಿದ ನಿಮಿಷಕ್ಕೆ ನಮ್ಮ ಪರದೆಯಲ್ಲಿ ಚಿತ್ರ ಬಂತು. ನಾನು ಶಾಲೆಗಳ ಹೆಸರು ಕರೆದೆ. ಮೂರು ಶಾಲೆ ಓಗೊಟ್ಟವು. ಮಿಕ್ಕ ಡಿಶ್ಶುಗಳೆಲ್ಲ ಆಕಾಶದ ಬೇರೆ ಯಾವುದೋ ಖಾಲಿ ಜಾಗ ನೋಡುತ್ತ ನಿಂತಿದ್ದವು. ಅಧ್ಯಕ್ಷರು ಪೇಪರಿನವರ ಎದುರು ನೀಲಿ ಟಿವಿ ನೋಡಿ ಎದ್ದುಹೋಗಿದ್ದರು. ಆ ಹುಡುಗಿಯ ಶಾಲೆ ಓಗೊಡಲಿಲ್ಲ.

ಮಾರನೆಯ ದಿನದಿಂದ ಇಂಜಿನಿಯರು ಸ್ಟುಡಿಯೋದಲ್ಲಿ ಇರಲಿಲ್ಲ. ದಿಕ್ಸೂಚಿ, ಸಿಗ್ನಲ್ ಮೀಟರು ಚೀಲಕ್ಕೆ ಹಾಕಿಕೊಂಡು ಬಸ್ಸು ಹತ್ತಿ, ಶಾಲೆಯಿಂದ ಶಾಲೆಗೆ ಹೋಗಿ, ಮಿಕ್ಕ ವಿಷಯಗಳ ಪಾಠ ತಪ್ಪದಿರಲೆಂದು ಪರೀಕ್ಷೆ ಶುರುವಾಗುವ ಮುಂಚೆ ಎಷ್ಟಾಗುತ್ತದೋ ಅಷ್ಟು ಡಿಶ್ಶುಗಳನ್ನು ಸರಿಮಾಡುತ್ತಿದ್ದರು. ಪ್ರತಿ ಕಂಬಕ್ಕೂ ಬಿಳಿ ಪೇಂಟಿನಲ್ಲಿ ಒಂದು ಗೆರೆ ಎಳೆದರಂತೆ, ಮುಂದೆ ಯಾರು ತಿರುಗಿಸಿದರೂ ಮೊದಲಿನ ಜಾಗಕ್ಕೆ ತಂದು ನಿಲ್ಲಿಸಲೆಂದು.

ಇತ್ತ ಕಾರ್ಯದರ್ಶಿಗಳು ನನ್ನನ್ನು ಕೂರಿಸಿಕೊಂಡರು. ವಿಚಾರಣೆ ಎಂದು ಒಂದು ಕಮಿಟಿ ಆಗಿತ್ತು, ನಾನೂ ಒಂದು ಸ್ಟೇಟ್‌ಮೆಂಟ್ ಬರೆದುಕೊಡಬೇಕಿತ್ತು.

"ನಮಗೆ ಯಾರೂ ಹೇಳಿರ್ಲಿಲ್ಲ ಅಂತ ಬರೆದ್ಬುಡಿ ಮೇಡಂ, ಮುಗೀತು. ಆವಯ್ಯನ ಕಾಗದದಲ್ಲಿ ಬರೀ ನಂಬರ್ರು. ಅವ್ರಿಗೆ ನಮ್ಮ ರಾಹುಕಾಲ ಅಂದ್ರೆ ಆಗಲ್ಲ, ಅದಕ್ಕೇ ತಕರಾರು ತೆಗೀತಾವ್ರೆ ಅಂತ ನಾನು ಪಕ್ಕಕ್ಕಿಟ್ಟೆ" ಎಂದರು. ಆಮೇಲೆ ದನಿ ತಗ್ಗಿಸಿದರು. "ಟೈಮ್ ಬದಲಾಯಿಸೋಕೆ ಹೇಳಿದ್ದು ನೀವು ಅಂತ ನಾನೆಲ್ಲೂ ಬಾಯಿ ಬಿಟ್ಟಿಲ್ಲ."

ಅವರು ಹೇಳಿದ ಸುಳ್ಳನ್ನು ನಾನು ಬರೆಯಲಿಲ್ಲ. ನಿಜವನ್ನೂ ಬರೆಯಲಿಲ್ಲ. ಚಂದದ ಇಂಗ್ಲಿಷಿನಲ್ಲಿ, ಯಾರ ಕಡೆಗೂ ಬೆರಳು ತೋರಿಸದ ಒಂದು ಪುಟ ಬರೆದೆ. ನೈಸರ್ಗಿಕ ಕಾರಣದಿಂದ ಆದ ಅಡಚಣೆ, ಮಕ್ಕಳಿಗಾದ ನಿರಾಶೆ, ಇತ್ಯಾದಿ. ನನ್ನ ಸಿಸ್ಟರ್‌ಗಳು ಓದಿದ್ದರೆ ಹ್ಯಾಂಡ್‌ರೈಟಿಂಗಿಗೆ ಸ್ಟಾರ್ ಕೊಡುತ್ತಿದ್ದರು.

ಏಪ್ರಿಲ್‌ನಲ್ಲಿ ಒಂದು ಸಂಜೆ ಇಂಜಿನಿಯರು ಸರಸ್ವತಿಪುರಂನ ನಮ್ಮ ಮನೆಗೆ ಬಂದರು. ಮುಖ ಬಿಸಿಲಿಗೆ ಕಪ್ಪಿಟ್ಟಿತ್ತು. ಕಾಫಿ ಕುಡಿದು ಲೋಟವನ್ನು ಕೆಳಗಿಟ್ಟು ಹೇಳಿದರು.

"ಮೇಡಂ, ಗುರುವಾರ ನಾನು ನಿಮಗೆ ಹೇಳಿದ್ದೆ ಅಂತ ಒಂದು ಸಾಲು ಬರೆದುಕೊಡ್ತೀರಾ? ಕಮಿಟಿ ಮುಂದಿನ ತಿಂಗಳು ಕೂರುತ್ತೆ. ನಿರ್ಲಕ್ಷ್ಯ ಅಂತ ಬರೆದ್ರೆ ಕಾಯಂ ಹೋಗ್ಲಿ, ಕಾಂಟ್ರ್ಯಾಕ್ಟೂ ಇರಲ್ಲ."

ಆ ಸಾಲು ಬರೆದರೆ ಟೈಮು ಯಾಕೆ ಬದಲಾಯಿತು ಎಂಬ ಸಾಲನ್ನೂ ಬರೆಯಬೇಕಾಗುತ್ತಿತ್ತು. ನಾನು ಉತ್ತರ ಕೊಡುವ ಬದಲು ಅವರನ್ನೇ ಗದರಿದೆ.

"ಇನ್ನೊಂದು ಸಲ ಬಂದು ಗಟ್ಟಿಯಾಗಿ ಹೇಳೋಕೆ ಏನಾಗಿತ್ತು ನಿಮಗೆ? ಮಳೆ ವಿಷಯವೂ ಹಾಗೇ ಮಾಡಿದ್ರಿ."

ಅವರು ತಮ್ಮ ಅಂಗೈ ನೋಡಿಕೊಂಡರು.

"ಹಿಂದೆ ಕೆಲಸ ಮಾಡ್ತಿದ್ದ ಕಡೆ ಎರಡು ಸಲ ಹೇಳಿದ್ದೆ ಮೇಡಂ. ಪೂಜೆಗೆ ಅಡ್ಡ ಬರ್ತಾನೆ ಅಂತ ಬರೆದು ಕೆಲಸದಿಂದ ಕಳಿಸಿದ್ರು. ನೀವು ಹತ್ತು ಸಲ ಹೇಳಿದ್ರೂ ಕಾಳಜಿ ಅಂತಾರೆ. ನಾನು ಎರಡನೇ ಸಲ ಹೇಳಿದ್ರೆ ಜಗಳಕ್ಕೆ ಬಂದ ಅಂತಾರೆ."

ನಾನು ಏನು ಹೇಳಿದೆ ಗೊತ್ತೇ? ನೋಡೋಣ ಎಂದೆ. ಅವರು ಸರಿ ಮೇಡಂ ಎಂದು ಚಪ್ಪಲಿ ಮೆಟ್ಟಿ ಹೊರಟರು. ಮತ್ತೆ ಕೇಳಲು ಬರಲಿಲ್ಲ. ಬರುವುದಿಲ್ಲವೆಂದು ನನಗೆ ಗೊತ್ತಿತ್ತು. ಆ ಧೈರ್ಯದ ಮೇಲೆಯೇ ನಾನು ಏಪ್ರಿಲ್ ಕಳೆದೆ, ಮೇ ಕಳೆದೆ. ನಡುವೆ ಒಂದು ಮದುವೆ ಬಂತು, ಕಣ್ಣಿನ ಪೊರೆಯ ಆಪರೇಷನ್ ಬಂತು. ನೆಪ ಬೇಕಾದವಳಿಗೆ ಮೈಸೂರಿನಲ್ಲಿ ನೆಪಕ್ಕೇನು ಬರ? ಜೂನಿನಲ್ಲಿ ಅವರ ಕುರ್ಚಿಯಲ್ಲಿ ಹೊಸಬರೊಬ್ಬರು ಕೂತಿದ್ದರು. ಟೇಬಲ್ ಮೇಲೆ ಬುದ್ಧನೂ ಇಲ್ಲ, ರಸಮಟ್ಟವೂ ಇಲ್ಲ.

ಆಗ ಬರೆದೆ. ಬರೆಯಲು ಹತ್ತು ನಿಮಿಷವೂ ಹಿಡಿಯಲಿಲ್ಲ. ಕನ್ನಡದಲ್ಲೇ ಬರೆದೆ. ಹನ್ನೆರಡೂ ಮುಕ್ಕಾಲಿಗೆ ಲಿಂಕ್ ಹೋಗುತ್ತದೆ ಎಂದು ಇಂಜಿನಿಯರು ಹಿಂದಿನ ಸಂಜೆ ನನಗೆ ಸ್ಪಷ್ಟವಾಗಿ ಹೇಳಿದ್ದರು. ನಾನು ನಕ್ಕು ತಳ್ಳಿಹಾಕಿದೆ. ರಾಹುಕಾಲವೆಂದು ಸಮಯ ಬದಲಾಯಿಸಲು ಹೇಳಿದವಳೂ ನಾನೇ. ಜುಲೈ ಮೊದಲ ವಾರ ಒಂದು ಬೆಳಿಗ್ಗೆ ಆ ಕಾಗದ ಹಿಡಿದು ಸಿದ್ಧಾರ್ಥನಗರಕ್ಕೆ ಆಟೋದಲ್ಲಿ ಹೋದೆ.

ಅವರು ಮನೆಯ ಮುಂದಿನ ರೂಮಿನಲ್ಲಿ ಪಿಯುಸಿ ಮಕ್ಕಳಿಗೆ ಫಿಸಿಕ್ಸ್ ಪಾಠ ಶುರು ಮಾಡಿದ್ದರು. ಮಕ್ಕಳನ್ನು ಲೆಕ್ಕಕ್ಕೆ ಹಚ್ಚಿ ಹೊರಗೆ ಬಂದರು. ಅವರ ಹೆಂಡತಿ ಕಾಫಿ ತಂದುಕೊಟ್ಟು ಒಳಗೆ ಹೋದರು. ಇವರು ನಿಂತೇ ಓದಿದರು. ಜೇಬಿನಿಂದ ಪೆನ್ನು ತೆಗೆದು, ಹನ್ನೆರಡೂ ಮುಕ್ಕಾಲು ಎಂದಿದ್ದನ್ನು ಹೊಡೆದು ಹನ್ನೆರಡು ನಲವತ್ತೊಂದರಿಂದ ಐವತ್ತೊಂದರವರೆಗೆ ಎಂದು ತಿದ್ದಿದರು.

"ಕಮಿಟಿ ಮುಗಿದುಹೋಯ್ತಲ್ಲ ಮೇಡಂ. ಇದನ್ನ ನಾನೇನು ಮಾಡ್ಲಿ?"

ಅವರು ಮೆಟ್ಟಿಲ ಮೇಲೆ ಕೂತು ಆ ಕಾಗದವನ್ನು ಮಗುಚಿ ತೊಡೆಯ ಮೇಲಿಟ್ಟುಕೊಂಡರು. ಕ್ಯಾಲ್ಕುಲೇಟರ್ ತರಿಸಿಕೊಂಡರು. ಉಪಗ್ರಹದ ರೇಖಾಂಶ, ಮೈಸೂರಿನ ಅಕ್ಷಾಂಶ ಎಲ್ಲ ಬಾಯಿಪಾಠವಿತ್ತು. ನಾನು ತಣ್ಣಗಾದ ಕಾಫಿ ಹಿಡಿದು ಕೂತಿದ್ದೆ. ಒಳಗೆ ಒಬ್ಬ ಹುಡುಗಿ ಸಾರ್, ಮುಗೀತು ಎಂದಳು. ಇನ್ನೊಂದು ಸಲ ಚೆಕ್ ಮಾಡು ಎಂದರು. ಕಾಲು ಗಂಟೆಯಲ್ಲಿ ಕಾಗದದ ಹಿಂಬದಿ ಒಂದು ಪಟ್ಟಿಯಾಗಿತ್ತು. ಸೆಪ್ಟೆಂಬರಿನ ಕೊನೆಯ ದಿನಗಳು, ಅಕ್ಟೋಬರಿನ ಮೊದಲ ದಿನಗಳು, ಒಂದೊಂದರ ಎದುರಿಗೂ ನಿಮಿಷಗಳು.

"ಹೊಸಬರಿಗೆ ಕೊಡಿ. ಅವರಿಗೆ ಇದು ಗೊತ್ತಿರಲಿಕ್ಕಿಲ್ಲ. ಅರ್ಧ ವಾರ್ಷಿಕ ಪರೀಕ್ಷೆಯ ಪಾಠಗಳು ಅದೇ ಹೊತ್ತಲ್ಲಿ ಬರುತ್ತೆ."

ಬೇರೆ ಕಾಗದ ಕೊಡಲೇ, ಬ್ಯಾಗಿನಲ್ಲಿ ಇದೆ ಎಂದೆ.

"ಬೇಡ ಮೇಡಂ. ಇದೇ ಸಾಕು."

ಮರುದಿನವೇ ಕೊಟ್ಟೆ. ಹೊಸ ಇಂಜಿನಿಯರ ಕೈಗಲ್ಲ, ಕಾರ್ಯದರ್ಶಿಗಳ ಕೈಗೆ. ಅವರು ಪಟ್ಟಿ ನೋಡಿದರು, ಮಗುಚಿದರು, ಓದಿದರು, ಮುಖ ಬಿಗಿಯಿತು. ಆ ಸೆಪ್ಟೆಂಬರಿನಲ್ಲಿ ಮಧ್ಯಾಹ್ನದ ಪಾಠಗಳನ್ನು ಬೆಳಿಗ್ಗೆಗೆ ಹಾಕಿದರೆಂದು ಕೇಳಿದೆ. ನನ್ನನ್ನು ಮತ್ತೆ ಪಾಠಕ್ಕೆ ಕರೆಯಲಿಲ್ಲ. ಇಂಜಿನಿಯರಿಗೆ ಕೆಲಸ ವಾಪಸು ಬಂದಿತೇ ಎಂದು ಕೇಳಬೇಡಿ, ಬರಲಿಲ್ಲ.

ಅವರನ್ನು ಕೊನೆಯ ಸಲ ನೋಡಿದ್ದು ಆ ಜುಲೈ ಬೆಳಿಗ್ಗೆ, ಅವರ ಮನೆಯ ಮುಂದೆ. ಗೇಟಿನವರೆಗೆ ಬಂದರು. ಮುಂದಿನ ರಸ್ತೆ ಅಗೆದಿದ್ದಾರೆ, ಅಮ್ಮಾವ್ರನ್ನ ಹಿಂದಿನ ಕ್ರಾಸಿನಿಂದ ನಿಧಾನವಾಗಿ ಕರೆದುಕೊಂಡು ಹೋಗಿ ಎಂದು ಆಟೋದವರಿಗೆ ಹೇಳಿದರು. ನನಗೆ ಏನಾದರೂ ಹೇಳಬಹುದೆಂದು ನಾನು ಆಟೋದಿಂದ ಕತ್ತು ಹೊರಗೆ ಹಾಕಿದೆ. ಅವರು ಗೇಟಿನ ಅಗುಳಿಯ ಮೇಲೆ ಬಗ್ಗಿದ್ದರು. ಅದು ಕೂರುತ್ತಿರಲಿಲ್ಲ. ಒಂದು ಕೈಯಲ್ಲಿ ಗೇಟನ್ನು ತುಸು ಮೇಲೆತ್ತಿ, ಅಗುಳಿಯನ್ನು ತೂತಿಗೆ ಸರಿಯಾಗಿ ಕೂರಿಸಿ, ಎಳೆದು ನೋಡಿ, ತಲೆ ಎತ್ತದೆ ಮಕ್ಕಳಿದ್ದ ರೂಮಿಗೆ ಹೋದರು.